ಕೆಲಸ ಮುಗಿಸಿ ಬರುವವರು

ಜುಲೈ 9

ಅಮ್ಮ,

ಮೊದಲೇ ಸಾರಿ ಕೇಳಿಬಿಡುತ್ತೇನೆ. ಇದು ಫೀಸಿನ ಪತ್ರ ಅಲ್ಲ, ಹುಷಾರಿಲ್ಲ ಅಂತ ಬರೆಯುವ ಪತ್ರವೂ ಅಲ್ಲ. ಸುಮ್ಮನೆ ಬರೆಯುತ್ತಿದ್ದೇನೆ. ಇಷ್ಟು ದಪ್ಪದ ಕವರ್ ನೋಡಿ ಗಾಬರಿಯಾಗಬೇಡ, ಕೊನೆಯವರೆಗೆ ಹುಡುಕಿದರೂ ಕೆಟ್ಟ ಸುದ್ದಿ ಸಿಗುವುದಿಲ್ಲ. ನಿನ್ನ ಸುರಂಗದ ಸೈಟ್ ಆಫೀಸಿಗೆ ಫೋನ್ ಮಾಡಬಹುದಿತ್ತು. ಆದರೆ ಸ್ಟೋರ್ ಕೀಪರ್ ಅಂಕಲ್ ಫೋನ್ ಎತ್ತಿ, ಲ್ಯಾಬಿನ ಕಡೆ ತಿರುಗಿ ನಿನ್ನನ್ನು ಕೂಗಿ, ನೀನು ಕೈ ಒರೆಸಿಕೊಂಡು ಓಡಿ ಬಂದು "ಊಟ ಆಯ್ತಾ" ಅನ್ನುವಷ್ಟರಲ್ಲಿ ನನಗೆ ಎಲ್ಲ ಮರೆತುಹೋಗಿರುತ್ತದೆ. "ಆಯ್ತು" ಅನ್ನುತ್ತೇನೆ. ಅಲ್ಲಿಗೆ ಮುಗಿಯಿತು.

ನಿನಗೆ ಪತ್ರ ಬರೆಯುವುದು ನನಗೆ ಸರಿಯಾಗಿ ಬರುವುದೂ ಇಲ್ಲ. ಸ್ಕೂಲಿನ ಹಾಸ್ಟೆಲಿನಿಂದ ಭಾನುವಾರ ಬರುತ್ತಿದ್ದ ಪತ್ರಗಳನ್ನು ವಾರ್ಡನ್ ಬೋರ್ಡಿನ ಮೇಲೆ ಬರೆಯುತ್ತಿದ್ದರು. ನಾವೆಲ್ಲ ಸಾಲಾಗಿ ಕೂತು ಕಾಪಿ ಮಾಡುತ್ತಿದ್ದೆವು. "ನಾನು ಇಲ್ಲಿ ಕ್ಷೇಮ. ನಿಮ್ಮ ಕ್ಷೇಮಕ್ಕೆ ಆಗಾಗ ಪತ್ರ ಬರೆಯುತ್ತಿರಿ." ಅಕ್ಷರ ಮಾತ್ರ ನನ್ನದು. ಹಾಗಾಗಿ ಇದನ್ನು ನನ್ನ ಮೊದಲನೇ ಪತ್ರ ಅಂದುಕೋ, ತಪ್ಪುಗಳಿದ್ದರೆ ಅಡ್ಜಸ್ಟ್ ಮಾಡಿಕೋ.

ಕಾಲೇಜಿನ ಹಾಸ್ಟೆಲಿನಲ್ಲಿ ಸೀಟು ಸಿಗದೆ ಈ ರೂಮು ಹಿಡಿದದ್ದು ನಿನಗೆ ಗೊತ್ತಲ್ಲ. ಬಿಲ್ಡಿಂಗಿನ ಟೆರೇಸ್ ಮೇಲೆ ಇದೊಂದೇ ರೂಮು. ಒಂದು ಮಂಚ, ಒಂದು ಟೇಬಲ್ಲು, ಸರಿಯಾಗಿ ಮುಚ್ಚದ ಕಿಟಕಿ. ಆರನೇ ವಯಸ್ಸಿನಿಂದ ಹಾಲ್ ತುಂಬ ಹುಡುಗಿಯರ ಮಧ್ಯೆ ಮಲಗಿದವಳು ನಾನು. ಇಲ್ಲಿ ಯಾರ ಉಸಿರೂ ಕೇಳಿಸುವುದಿಲ್ಲ. ಲೈಟ್ ಆರಿಸು ಅನ್ನುವವರಿಲ್ಲ, ಅದಕ್ಕೇ ಯಾವಾಗ ಆರಿಸಬೇಕು ಅಂತ ಗೊತ್ತಾಗುವುದಿಲ್ಲ. ಬೆಲ್ ಹೊಡೆಯದೆ ಹಸಿವೂ ಆಗುವುದಿಲ್ಲ.

ಕೆಳಗಿನ ಮನೆಯಲ್ಲಿ ಒಬ್ಬರಿದ್ದಾರೆ. ಸಂಜೆ ಬೆಳಕು ಇಳಿಯುವ ಹೊತ್ತಿಗೆ ಮೆಟ್ಟಿಲು ಹತ್ತಿ ಬರುತ್ತಾರೆ. ಭಾರದ ಶೂ. ತಿರುವಿನಲ್ಲಿ ನಿಂತು ಬ್ಯಾಗು ಕೆಳಗಿಟ್ಟು ಉದ್ದಕ್ಕೆ ಉಸಿರು ಬಿಡುತ್ತಾರೆ. ಆಮೇಲೆ ಬೀಗದ ಕೈ ಗೊಂಚಲು, ಬಾಗಿಲು, ನಲ್ಲಿಯ ನೀರು, ಪಾತ್ರೆ ಒಲೆ ಮೇಲಿಟ್ಟ ಸದ್ದು. ಅಷ್ಟು ಕೇಳಿಸಿದರೆ ನನಗೆ ಸಮಾಧಾನ. ಆಮೇಲೆ ಓದಲು ಕೂರುತ್ತೇನೆ. ಹೊರಗೆ ಬಂದು ನೋಡಬಹುದಲ್ಲ ಅನ್ನುತ್ತೀಯ. ಹಾಸ್ಟೆಲಿನಲ್ಲಿ ಕಾರಿಡಾರಿನಲ್ಲಿ ಹೆಜ್ಜೆ ಕೇಳಿಸಿದರೆ ಬಾಗಿಲು ತೆಗೆಯುವ ಹಾಗಿರಲಿಲ್ಲ, ರೌಂಡ್ಸಿಗೆ ಬಂದ ವಾರ್ಡನ್ ಆಗಿರುತ್ತಿದ್ದರು. ಈಗಲೂ ಕೈ ಚಿಲಕದವರೆಗೆ ಹೋಗಿ ವಾಪಸ್ ಬಂದುಬಿಡುತ್ತದೆ.

ಅವರ ನೀಲಿ ಯೂನಿಫಾರಂ ಶರ್ಟುಗಳು ಟೆರೇಸಿನ ತಂತಿಯ ಮೇಲೆ ಒಣಗುತ್ತವೆ. ಗಂಡಸರ ಶರ್ಟು, ದೊಡ್ಡ ಸೈಜು. ಮೊನ್ನೆ ಒಂದರಲ್ಲಿ ಗುಂಡಿ ನೇತಾಡುತ್ತಿತ್ತು. ನೇತಾಡುವ ಗುಂಡಿ ನೋಡಿಕೊಂಡು ನನ್ನಿಂದ ಸುಮ್ಮನಿರಲು ಆಗುವುದಿಲ್ಲ. ಹಾಸ್ಟೆಲಿನಲ್ಲಿ ಶನಿವಾರ ಹೊಲಿಗೆ ಅವರ್ ಇರುತ್ತಿತ್ತು, ಯಾರ ಬಟ್ಟೆ ಕೈಗೆ ಬಂದರೆ ಅದನ್ನು ಹೊಲಿಯಬೇಕು. ಸೂಜಿ ದಾರ ತಂದು ಅಲ್ಲೇ ತಂತಿಯ ಹತ್ತಿರ ನಿಂತು ಹೊಲಿದೆ. ಹೊಲಿದು ಕಾಲರಿನ ಒಳಗೆ ಕೆಂಪು ದಾರದಲ್ಲಿ ನನ್ನ ನಂಬರ್ ಹಾಕಿಬಿಟ್ಟೆ. ಅದೂ ಹಾಸ್ಟೆಲ್ ರೂಲೇ. ಹೊಲಿದವಳು ತನ್ನ ನಂಬರ್ ಹಾಕಬೇಕು, ಗುಂಡಿ ಮತ್ತೆ ಕಿತ್ತು ಬಂದರೆ ಅವಳೇ ಜವಾಬ್ದಾರಿ. ಹಾಕಿದ ಮೇಲೆ ನೆನಪಾಯಿತು, ಇದು ಹಾಸ್ಟೆಲ್ ಅಲ್ಲ ಅಂತ. ಅಷ್ಟರಲ್ಲಿ ಮೆಟ್ಟಿಲ ಮೇಲೆ ಯಾರೋ ಬಂದ ಹಾಗಾಗಿ ಓಡಿ ಒಳಗೆ ಹೋದೆ.

ತಪ್ಪಾಯಿತಾ ಅಮ್ಮ?

ನಿನ್ನ ಮಗಳು,
ಹಾಸ್ಟೆಲಿನವರ ನಲವತ್ತಮೂರು

*

ಜುಲೈ 20

ಮಗಳೇ,

ನಿನ್ನ ಪತ್ರ ಸೈಟಿನ ವ್ಯಾನಿನಲ್ಲಿ ಸಿಮೆಂಟಿನ ಬಿಲ್ಲುಗಳ ಜೊತೆ ಬಂತು. ಸ್ಟೋರ್ ಕೀಪರ್ ಅದನ್ನು ಕೈಯಲ್ಲಿ ತೂಗಿ ನೋಡಿ, "ಏನ್ ಮೇಡಂ, ಮಗಳು ಓದೋದು ಬಿಟ್ಟು ಕಾದಂಬರಿ ಬರೀತಿದಾಳಾ" ಅಂದ. ಓದಿದೆ. ಊಟದ ಹೊತ್ತಿನಲ್ಲಿ ಮತ್ತೆ ಓದಿದೆ.

ಬೋರ್ಡಿನ ವಿಷಯ ನನಗೆ ಗೊತ್ತಿತ್ತು. ಅಷ್ಟು ಚಿಕ್ಕ ಮಗು "ತಮ್ಮ ಆಶೀರ್ವಾದದ ಬಲದಿಂದ" ಅಂತ ಬರೆಯುತ್ತದೆಯೇ. ಆದರೆ "ಕ್ಷೇಮ" ಬರೆಯುವಾಗ ಪೆನ್ಸಿಲ್ ಒತ್ತಿ ಒತ್ತಿ ಹಾಳೆ ತೂತು ಮಾಡಿರುತ್ತಿದ್ದೆಯಲ್ಲ, ಅದು ನಿನ್ನದೇ. ನಾನು ಆ ತೂತನ್ನು ಓದುತ್ತಿದ್ದೆ.

ಈಗ ಮುಖ್ಯ ವಿಷಯಕ್ಕೆ ಬರೋಣ. ಯಾರು ಆ ಮನುಷ್ಯ? ಏನು ಕೆಲಸ? ಮನೆಯಲ್ಲಿ ಬೇರೆ ಯಾರಿದ್ದಾರೆ? ಮುಖ ನೋಡಿಲ್ಲ, ಹೆಸರು ಕೇಳಿಲ್ಲ, ಶರ್ಟಿಗೆ ಗುಂಡಿ ಮಾತ್ರ ಹಚ್ಚಿಕೊಟ್ಟೆ. ನಮ್ಮಮ್ಮ ಇದ್ದಿದ್ದರೆ ನಿನಗೆ ಸೂಜಿಯಲ್ಲೇ ಎರಡು ಚುಚ್ಚುತ್ತಿದ್ದರು.

ನನ್ನ ಕೆಲಸ ನಿನಗೆ ಗೊತ್ತು. ಕಾಂಕ್ರೀಟಿನ ಕ್ಯೂಬುಗಳನ್ನು ಮಷೀನಿನಲ್ಲಿಟ್ಟು, ಎಷ್ಟು ಭಾರ ಬಿದ್ದರೆ ಬಿರುಕು ಬಿಡುತ್ತವೆ ಅಂತ ನೋಡುವುದು. ಇಷ್ಟು ವರ್ಷ ಆದ ಮೇಲೆ ಬಿರುಕು ಕಣ್ಣಿಗೆ ಕಾಣುವ ಮೊದಲೇ ಕಿವಿಗೆ ಕೇಳಿಸುತ್ತದೆ. ನಿನ್ನ ಪತ್ರ ಓದುವಾಗಲೂ ಕಿವಿ ಹಾಗೇ ನೆಟ್ಟಗಾಗಿತ್ತು. ಬಯ್ಯುತ್ತಿಲ್ಲ. ಹಾಸ್ಟೆಲಿನಲ್ಲಿ ಗುಂಡಿ ಎಲ್ಲರದು, ಹೊರಗೆ ಗುಂಡಿ ಶರ್ಟಿನವನದು. ಅಷ್ಟು ತಿಳಿದುಕೊಂಡರೆ ಸಾಕು.

ಹಸಿವಾಗದಿದ್ದರೂ ಹೊತ್ತಿಗೆ ಸರಿಯಾಗಿ ತಿನ್ನು. ಕಿಟಕಿ ಮುಚ್ಚದಿದ್ದರೆ ಓನರಿಗೆ ಹೇಳು. ಹೇಳಲು ಸಂಕೋಚ ಆದರೆ ಮಡಿಸಿದ ರಟ್ಟು ಸಿಕ್ಕಿಸು.

ಹೀಗೇ ಬರೆಯುತ್ತಿರು. ಸುಮ್ಮನೆಯೇ ಬರೆ.

ಅಮ್ಮ

*

ಆಗಸ್ಟ್ 3

ಅಮ್ಮ,

ನೀನು ಅಂದುಕೊಂಡ ಹಾಗೆ ಲವ್ ಅಲ್ಲ. ಲವ್ ಹೇಗಿರುತ್ತದೆ ಅಂತ ನನ್ನ ಕ್ಲಾಸಿನ ಹುಡುಗಿಯರು ದಿನಾ ಕಾಮೆಂಟರಿ ಕೊಡುತ್ತಾರೆ, ಅದರಲ್ಲಿ ಹುಡುಗನ ಹೇರ್‌ಸ್ಟೈಲ್ ಬರುತ್ತದೆ, ಬೈಕ್ ಬರುತ್ತದೆ. ನನಗೆ ಇವರ ಮುಖವೇ ಗೊತ್ತಿಲ್ಲ. ವಯಸ್ಸು ಗೊತ್ತಿಲ್ಲ. ಒಬ್ಬರೇ ಇದ್ದಾರೆ ಅಂತ ತಂತಿಯ ಮೇಲಿನ ಬಟ್ಟೆಯಿಂದ ಗೊತ್ತು. ಶರ್ಟಿನ ತೋಳಿಗೆ ಒಗೆದರೂ ಹೋಗದ ಡೀಸೆಲ್ ವಾಸನೆ ಇದೆ. ಬಲ ಮೊಣಕೈ ಎಡದ್ದಕ್ಕಿಂತ ಬೇಗ ಸವೆಯುತ್ತದೆ. ಇಷ್ಟೇ ನನ್ನ ಮಾಹಿತಿ.

ನನಗೆ ಅವರಿಂದ ಏನೂ ಬೇಡ. ಅವರು ಬರುವುದು ಬೇಕು, ಅಷ್ಟೆ. ಬಂದ ಮೇಲೆ ಅವರ ಪಾಡಿಗೆ ಅವರು, ನನ್ನ ಪಾಡಿಗೆ ನಾನು. ಇದಕ್ಕೆ ಏನಂತ ಹೆಸರು? ನನಗಂತೂ ಗೊತ್ತಿಲ್ಲ.

ಕಾಲೇಜು ನಡೆಯುತ್ತಿದೆ. ಫಾರ್ಮಸಿ ಲ್ಯಾಬಿನಲ್ಲಿ ಗಾಜಿನ ಪಿಪೆಟ್ ಒಡೆದೆ. ನಮ್ಮ ಡೆಮಾನ್‌ಸ್ಟ್ರೇಟರ್ ಹತ್ತಿರ ಬಂದಾಗ ಎದ್ದು ನಿಂತೆ, ಕೈ ತಗುಲಿ ಅದು ಕೆಳಗೆ. "ಹಾಸ್ಟೆಲ್ ಪ್ರಾಡಕ್ಟಾ ನೀನು? ಅದಕ್ಕೇ ಸ್ಪ್ರಿಂಗ್ ತರ ಏಳ್ತೀಯ. ಕೂತ್ಕೊಂಡೇ ಮಾತಾಡು, ನಾನೇನು ರಾಷ್ಟ್ರಗೀತೆ ಹಾಡ್ತಾ ಬಂದ್ನಾ" ಅಂದರು. ಎಲ್ಲರೂ ನಕ್ಕರು. ನಾನೂ ನಕ್ಕೆ, ಒಂಚೂರು ತಡವಾಗಿ.

ಹೋದ ವಾರ ಒಂದು ಸಂಜೆ ಅವರು ಬರಲಿಲ್ಲ. ಟೀ ಮಾಡಿಕೊಂಡೆ, ಕುಡಿಯಲು ಆಗಲಿಲ್ಲ. ಪುಸ್ತಕ ತೆರೆದರೆ ಒಂದೇ ಸಾಲು ಮತ್ತೆ ಮತ್ತೆ. ಕಪ್ಪು ಹಿಡಿದುಕೊಂಡು ಮೆಟ್ಟಿಲ ಮೇಲೆ ಕೂತೆ. ಕತ್ತಲಾಯಿತು. ಆಕ್ಸಿಡೆಂಟ್ ಆಗಿರಬಹುದಾ, ಊರು ಬಿಟ್ಟು ಹೋಗಿರಬಹುದಾ, ಏನೇನೋ ಯೋಚನೆ. ಯಾರನ್ನು ಕೇಳುವುದು? ಏನಂತ ಕೇಳುವುದು? ಕೊನೆಗೆ ಕೆಳಗೆ ಆ ಶೂ ಸದ್ದು. ನನಗೆ ಅಳು ಬಂತು. ಕಪ್ಪು ಅಲ್ಲೇ ಬಿಟ್ಟು ಓಡಿ ಹೋಗಿ ಬಾಗಿಲು ಹಾಕಿಕೊಂಡೆ.

ಬೆಳಗ್ಗೆ ನೋಡಿದರೆ ಕಪ್ಪು ತೊಳೆದು ನನ್ನ ಬಾಗಿಲ ಹತ್ತಿರ ಬೋರಲು ಇಟ್ಟಿತ್ತು.

ನಾನಿನ್ನೂ ಆ ಕಪ್ಪಿನಲ್ಲಿ ಟೀ ಕುಡಿದಿಲ್ಲ. ಬಯ್ಯಬೇಡ. ಇನ್ನೊಂದು ಶರ್ಟಿನ ತೋಳಪಟ್ಟಿಯನ್ನೂ ಹೊಲಿದೆ. ಅದಕ್ಕೂ ಬಯ್ಯಬೇಡ.

ಮಗಳು

*

ಆಗಸ್ಟ್ 14

ಮಗಳೇ,

ಬಯ್ಯಲು ಕೂತೆ, ಆಗಲಿಲ್ಲ.

ಅದಕ್ಕೆ ಹೆಸರೇನು ಅಂತ ನನಗೂ ಗೊತ್ತಿಲ್ಲ. ನಿನ್ನ ಅಪ್ಪ ಹೋದ ಮೇಲೆ ನಾನು ಸೇರಿದ ಮೊದಲ ಸೈಟಿನಲ್ಲಿ, ಪಕ್ಕದ ಕ್ವಾರ್ಟರ್ಸಿನಲ್ಲಿ ಒಬ್ಬ ವೆಲ್ಡರ್ ಇದ್ದ. ಬೆಳಗ್ಗೆ ಎದ್ದ ಕೂಡಲೇ ರೇಡಿಯೋ ಹಾಕುತ್ತಿದ್ದ. ನಿನ್ನನ್ನು ಹಾಸ್ಟೆಲಿಗೆ ಬಿಟ್ಟು ಬಂದ ಹೊಸತು. ಮನೆಯಲ್ಲಿ ಎಬ್ಬಿಸಲು ಯಾರೂ ಇಲ್ಲದೆ ಸುಮ್ಮನೆ ಬಿದ್ದಿರುತ್ತಿದ್ದೆ. ಗೋಡೆಯ ಆ ಕಡೆ ರೇಡಿಯೋ ಶುರುವಾದರೆ ಏಳುತ್ತಿದ್ದೆ. ಅವನು ರಜೆ ಹೋದ ದಿನ ಟೀಗೆ ಸಕ್ಕರೆ ಹಾಕುವುದೇ ಮರೆತುಹೋಗುತ್ತಿತ್ತು. ಒಂದು ಮಾತೂ ಆಡಿದ್ದಿಲ್ಲ. ಆ ಸೈಟಿನ ಸೇತುವೆ ಕೆಲಸ ಮುಗಿಯಿತು, ಅವನೊಂದು ಕಡೆ, ನಾನೊಂದು ಕಡೆ. ಇದನ್ನು ಯಾರಿಗೂ ಹೇಳಿರಲಿಲ್ಲ. ಈಗ ಹೇಳಿದ್ದು ನೀನು ದೊಡ್ಡವಳಾದೆ ಅಂತಲ್ಲ. ನೀನು ಮೊದಲು ಹೇಳಿದೆಯಲ್ಲ, ಅದಕ್ಕೆ.

ಆದರೆ ನನ್ನ ಹಾಗೆ ಗೋಡೆಯ ಈ ಕಡೆಯೇ ಇದ್ದುಬಿಡಬೇಡ. ಕಪ್ಪು ತೊಳೆದಿಟ್ಟವರು ಕಚ್ಚುವುದಿಲ್ಲ. ಬಾಗಿಲು ತಟ್ಟಿ ಥ್ಯಾಂಕ್ಸ್ ಹೇಳು. ಹಗಲು ಹೊತ್ತಿನಲ್ಲಿ ತಟ್ಟು. ಗಂಡಸಾದರೆ ಒಳಗೆ ಹೋಗಬೇಡ.

ಇನ್ನೊಂದು ವಿಷಯ. ನಮ್ಮ ಕಂಪನಿಯ ಹೆಡ್ ಆಫೀಸಿನ ಲ್ಯಾಬಿನಲ್ಲಿ ಒಂದು ಪೋಸ್ಟ್ ಖಾಲಿ ಇದೆ. ಹೆಡ್ ಆಫೀಸ್ ಇರುವುದು ನೀನು ಓದುತ್ತಿರುವ ಊರಿನಲ್ಲೇ. ಅರ್ಜಿ ಹಾಕಿದ್ದೇನೆ. ಸಿಕ್ಕರೆ ಎರಡು ರೂಮಿನ ಒಂದು ಮನೆ ಮಾಡಬಹುದು. ಸಿಗುತ್ತದೆ ಅಂತೇನಿಲ್ಲ, ಎಲ್ಲರಿಗೂ ಸುರಂಗ ಬಿಟ್ಟು ಊರಿಗೆ ಹೋಗುವ ಆಸೆ. ನೀನು ಈಗಲೇ ಆಸೆ ಇಟ್ಟುಕೊಳ್ಳಬೇಡ. ಸುಮ್ಮನೆ ಹೇಳಿದೆ.

ಅಮ್ಮ

*

ಸೆಪ್ಟೆಂಬರ್ 1

ಅಮ್ಮ,

ಅವರು ಗಂಡಸಲ್ಲ.

ಭಾನುವಾರ ಮಧ್ಯಾಹ್ನ ಬಟ್ಟೆ ತರಲು ಹೊರಗೆ ಬಂದೆ. ತಂತಿಯ ಹತ್ತಿರ ಒಬ್ಬ ಹೆಂಗಸು, ನೀಲಿ ಶರ್ಟು, ತೋಳು ಮೇಲಕ್ಕೆ ಮಡಿಸಿದೆ, ಒಂದು ಶರ್ಟನ್ನು ಕಾಲರ್ ಹಿಡಿದು ಬೆಕ್ಕಿನ ಮರಿಯ ಹಾಗೆ ಎತ್ತಿಕೊಂಡು ನಿಂತಿದ್ದಾರೆ.

"ಇಲ್ ಬಾ. ನೀನೇನಾ ನಲವತ್ತಮೂರು?"

ಅಭ್ಯಾಸ ನೋಡು, "ಪ್ರೆಸೆಂಟ್ ಮಿಸ್" ಅಂದುಬಿಟ್ಟೆ.

"ಮಿಸ್ಸು ಅಲ್ಲ, ಬಸ್ ಡ್ರೈವರು ನಾನು. ಏನಮ್ಮಾ ಇದು? ಮೊನ್ನೆ ಡಿಪೋದಲ್ಲಿ ಯೂನಿಫಾರಂ ಚೆಕಿಂಗು. ಸೂಪರ್‌ವೈಸರು ಕಾಲರ್ ತಿರುಗಿಸಿ ನೋಡಿ, ಇದ್ಯಾರ್ ಶರ್ಟು, ನಲವತ್ತಮೂರು ಯಾರು ಅಂತಾನೆ. ನನ್ನ ಬ್ಯಾಡ್ಜ್ ನಂಬರ್ರೇ ಬೇರೆ. ನಾನು ತಬ್ಬಿಬ್ಬು. ಈಗ ಡಿಪೋದವರೆಲ್ಲ ನನ್ನ ನಲವತ್ತಮೂರು ಅಂತಾನೇ ಕೂಗ್ತಾರೆ. ಕ್ಯಾಂಟೀನಲ್ಲಿ ಟೀ ಕೊಡೋನೂ ಹಾಗೇ."

ಬಿಚ್ಚಿಕೊಡುತ್ತೇನೆ ಮೇಡಂ, ಸಾರಿ, ಸಾರಿ ಅಂದೆ. "ಬಿಚ್ಚೋದು ಆಮೇಲೆ. ಮೊದಲು ಅದೇನು ಅಂತ ಹೇಳು" ಅಂದರು. ಹಾಸ್ಟೆಲ್, ಶನಿವಾರ, ನಂಬರ್, ಎಲ್ಲ ಹೇಳಿದೆ. ಅವರು ಗುಂಡಿಯನ್ನೇ ನೋಡುತ್ತಾ ಕೇಳಿಸಿಕೊಂಡರು.

"ಅಂದ್ರೆ ಇದು ಕಿತ್ತು ಬಂದ್ರೆ ನಾನು ನಿನ್ ಹತ್ರ ಬರ್ಬೇಕು."

"ಹೂಂ."

"ಎಲ್ಲಿ ಬರುತ್ತೆ? ಎಳೆದು ನೋಡಿದೀನಿ. ಬಟ್ಟೆ ಬಂದ್ರೂ ಗುಂಡಿ ಬರಲ್ಲ."

ಆಮೇಲೆ ನಕ್ಕರು. ಅವರು ನಕ್ಕರೆ ಟೆರೇಸ್ ಪೂರ್ತಿ ಕೇಳಿಸುತ್ತದೆ. ಡಿಪೋದಲ್ಲಿ ಹೆಂಗಸರ ಸೈಜು ಬರುವುದೇ ಇಲ್ಲವಂತೆ, ಅದಕ್ಕೇ ಗಂಡಸರ ಶರ್ಟು. ಕೆಳಗೆ ಕರೆದುಕೊಂಡು ಹೋಗಿ ಟೀ ಕೊಟ್ಟರು. ಮನೆ ಚಿಕ್ಕದು. ಅಡಿಗೆಮನೆಯ ಗೋಡೆಗೆ ಊರಿನ ಬಸ್ ರೂಟುಗಳ ಮ್ಯಾಪು, ಬಾಗಿಲ ಹಿಂದೆ ಶೂ ಪಾಲಿಶ್ ಡಬ್ಬಗಳು, ಕಿಟಕಿಯಲ್ಲಿ ಒಂದು ಪುದೀನ ಗಿಡ, ಅದರ ಪಾಡಿಗೆ ಅದು. ನಾನು ನಿಂತೇ ಇದ್ದೆ. "ಕೂತ್ಕೋ ಮಾರಾಯ್ತಿ, ಸ್ಟ್ಯಾಂಡಿಂಗ್ ಪ್ಯಾಸೆಂಜರ್ ನೋಡಿ ನೋಡಿ ಸಾಕಾಗಿದೆ" ಅಂದರು. ಥ್ಯಾಂಕ್ಸ್ ಆಂಟಿ ಅಂದೆ. "ಆಂಟಿ ಅಂದ್ರೆ ಟೀ ವಾಪಸ್ ತಗೋತೀನಿ. ಅಕ್ಕ ಅನ್ನು." ಹಾಗಾಗಿ ಅವರು ಡ್ರೈವರಕ್ಕ. ನಿನ್ನ ವಯಸ್ಸೇ ಇರಬೇಕು. ಕೈ ಒರಟು. ಮಾತಾಡುವಾಗ ನಡುವೆ ಸುಮ್ಮನಾಗಿ ಟೀ ಊದುತ್ತಾರೆ.

ನಾನು ಇಷ್ಟು ಖುಷಿಯಾಗಿದ್ದದ್ದು ಯಾವಾಗ ಅಂತ ನೆನಪಿಲ್ಲ. ಅವತ್ತು ಲೈಟ್ ಆರಿಸುವುದು ಯಾವಾಗ ಅಂತ ಯೋಚನೆಯೇ ಬರಲಿಲ್ಲ, ನಿದ್ದೆ ಬಂತು, ಆರಿಸಿದೆ.

ಮಗಳು

ಮರೆತಿದ್ದೆ. ಹೆಡ್ ಆಫೀಸಿನ ಪೋಸ್ಟಿಗೆ ಆಲ್ ದಿ ಬೆಸ್ಟ್.

*

ಸೆಪ್ಟೆಂಬರ್ 15

ಮಗಳೇ,

ಹೆಂಗಸು ಅಂತ ತಿಳಿದು ಸಮಾಧಾನವಾಯಿತು. ಆಗಬೇಕಲ್ಲ. ಗಂಡಸಾಗಿದ್ದರೆ ಏನು ಬಯ್ಯಬೇಕು ಅಂತ ಎಲ್ಲ ಸಿದ್ಧ ಮಾಡಿಕೊಂಡಿದ್ದೆ, ಅದು ದಂಡವಾಯಿತು.

ಒಳ್ಳೆಯವರ ಹಾಗೆ ಕಾಣುತ್ತಾರೆ. ನಿನ್ನನ್ನು ನಗಿಸುತ್ತಾರೆ ಅಂತ ಬರೆದಿದ್ದೀಯ. ನನ್ನ ವಯಸ್ಸೇ ಇರಬೇಕು ಅಂತಲೂ ಬರೆದಿದ್ದೀಯ. ನನ್ನ ವಯಸ್ಸೆಷ್ಟು ಅಂತ ನಿನಗೆ ಗೊತ್ತಿದೆಯಾ? ಪರೀಕ್ಷೆ ಅಲ್ಲ, ಕೇಳಿದೆ ಅಷ್ಟೆ.

ಹೆಡ್ ಆಫೀಸಿನ ಇಂಟರ್ವ್ಯೂ ಮೊನ್ನೆ ಸೋಮವಾರ ಮುಗಿಯಿತು. ಬೆಳಗ್ಗೆ ನಿನ್ನ ಊರಿಗೆ ಬಂದೆ, ಸಂಜೆಯ ಬಸ್ಸಿಗೆ ವಾಪಸ್ ಹೊರಟೆ. ನಡುವೆ ಸ್ವಲ್ಪ ಹೊತ್ತು ಇತ್ತು. ನಿನಗೆ ಪ್ರಾಕ್ಟಿಕಲ್ ಇರುತ್ತದೆ ಅಂತ ತೊಂದರೆ ಕೊಡಲಿಲ್ಲ. ಬಸ್ ಸ್ಟ್ಯಾಂಡಿನಲ್ಲಿ ಕೂತು ಒಂದು ಬನ್ನು ತಿಂದೆ. ನಿಮ್ಮ ಊರಿನ ಡ್ರೈವರುಗಳು ಬಲು ಜೋರಾಗಿ ಹಾರ್ನ್ ಹೊಡೆಯುತ್ತಾರೆ.

ಅಮ್ಮ

*

ಅಕ್ಟೋಬರ್ 2

ಅಮ್ಮ,

ಬಂದವಳು ಹೇಳಬಾರದಿತ್ತಾ? ಕಾಲೇಜಿಗೆ ಫೋನ್ ಮಾಡಿದ್ದರೆ ಬಂದುಬಿಡುತ್ತಿದ್ದೆ. ಇರಲಿ, ಇನ್ನೊಂದು ಸಲ.

ಡ್ರೈವರಕ್ಕನ ಬಸ್ಸಿನಲ್ಲಿ ಕೊನೇ ಸ್ಟಾಪಿನವರೆಗೆ ಹೋಗಿ ಬಂದೆ. ಅವರ ಹಿಂದಿನ ಸೀಟು. ಏನೋ ಕೇಳಲು ಹೋದೆ. "ಡ್ರೈವರ್ ಜೊತೆ ಮಾತಾಡಬಾರದು ಅಂತ ಬೋರ್ಡಿದೆ. ಕಾಲೇಜಿನವಳಿಗೆ ಓದಕ್ಕೆ ಬರಲ್ವಾ?" ಅಂದರು. ಆಮೇಲೆ ಕೊನೇ ಸ್ಟಾಪು ಬರುವವರೆಗೂ ಅವರೇ ಮಾತಾಡಿದರು. ಬಲ ಮೊಣಕೈ ಕಿಟಕಿಯ ಅಂಚಿಗೆ ಒರಗುತ್ತದೆ, ಅಲ್ಲೇ ಶರ್ಟು ಸವೆಯುವುದು. ಅದನ್ನು ನೋಡಿ ಗಣಿತದ ಉತ್ತರ ಸರಿ ಬಂದಷ್ಟು ಖುಷಿಯಾಯಿತು.

ಈಗ ಪರ್ಮಿಶನ್ ಕೇಳುವ ವಿಷಯ. ನನ್ನ ರೂಮಿನ ಮಾಡು ಸೋರುತ್ತಿದೆ, ಓನರ್ ರಿಪೇರಿ ಮಾಡಿಸುತ್ತಾರಂತೆ, ಖಾಲಿ ಮಾಡಬೇಕು. ಡ್ರೈವರಕ್ಕನ ಮನೆಯಲ್ಲಿ ಒಂದು ರೂಮು ಸುಮ್ಮನೆ ಇದೆ. "ಬಂದಿರು, ಬಾಡಿಗೆ ಹಂಚ್ಕೊಳೋಣ" ಅಂದಿದ್ದಾರೆ. ಅಮ್ಮ, ನಾನು ಹೋಗಲಾ? ಸಂಜೆ ಅವರು ಬರುವಾಗ ನಾನು ಒಳಗೇ ಇರುತ್ತೇನೆ. ಅವರು ದಿನಾ ಬರುವ ಮನೆಯಲ್ಲಿ. ಇಷ್ಟು ವರ್ಷ ನಾನು ಯಾವ ಮನೆಯಲ್ಲೂ ಇದ್ದಿಲ್ಲ ಅಂತ ನಿನಗೇ ಗೊತ್ತು.

ಹೂಂ ಅನ್ನು.

ಮಗಳು

*

ಅಕ್ಟೋಬರ್ 11

ಮಗಳಿಗೆ ಆಶೀರ್ವಾದಗಳು.

ನಾನು ಇಲ್ಲಿ ಕ್ಷೇಮ. ನಿನ್ನ ಕ್ಷೇಮಕ್ಕೆ ಆಗಾಗ ಪತ್ರ ಬರೆಯುತ್ತಿರು.

ನೀನು ಕೇಳಿದ ವಿಷಯಕ್ಕೆ ನನ್ನ ಒಪ್ಪಿಗೆ ಇದೆ. ಅವರಿಗೆ ನನ್ನ ನಮಸ್ಕಾರ ತಿಳಿಸು. ಹೊತ್ತಿಗೆ ಸರಿಯಾಗಿ ಊಟ ಮಾಡಿ ಚೆನ್ನಾಗಿ ಓದು.

ಹೆಡ್ ಆಫೀಸಿನವರು ಆ ಪೋಸ್ಟಿಗೆ ನನ್ನನ್ನೇ ಆರಿಸಿದ್ದಾರೆ. ತಿಂಗಳ ಕೊನೆಯೊಳಗೆ ಬರುತ್ತೇನೋ ಇಲ್ಲವೋ ಅಂತ ಬರೆದು ತಿಳಿಸಬೇಕು. ಬೇಡ ಅಂತ ಬರೆಯಬೇಕೆಂದಿದ್ದೇನೆ. ಸುರಂಗದ ಒಳಗೋಡೆಯ ಕಾಂಕ್ರೀಟು ಈಗಷ್ಟೇ ಶುರುವಾಗಿದೆ, ನಡುವೆ ಬಿಟ್ಟು ಬರುವುದು ಸರಿಯಲ್ಲ. ನಿನಗೂ ಒಳ್ಳೆಯ ವ್ಯವಸ್ಥೆ ಆಗಿದೆ.

ಇಲ್ಲಿ ಬೇರೆ ವಿಶೇಷವಿಲ್ಲ.

ನಿನ್ನ ತಾಯಿ

*

ಅಕ್ಟೋಬರ್ 18

ಅಮ್ಮ,

ನಿನ್ನ ಪತ್ರ ಬಂತು. ಅದು ಬೋರ್ಡಿನ ಪತ್ರ. ವರ್ಷಗಟ್ಟಲೆ ಕಾಪಿ ಮಾಡಿದವಳು ನಾನು, ನನಗೆ ಗೊತ್ತಾಗುವುದಿಲ್ಲವಾ? ಅಂಥ ಪತ್ರ ಯಾವಾಗ ಬರೆಯುತ್ತಾರೆ ಅಂತಲೂ ಗೊತ್ತು. ಒಳಗೆ ಬೇರೆ ಇದ್ದಾಗ. ನಾನು ಬಿಕ್ಕಿ ಬಿಕ್ಕಿ ಅತ್ತ ಭಾನುವಾರವೂ ನಿನಗೆ "ನಾನು ಇಲ್ಲಿ ಕ್ಷೇಮ" ಅಂತಲೇ ಬಂದಿರುತ್ತದೆ.

ಮೊನ್ನೆ ಡ್ರೈವರಕ್ಕ ರೂಮು ತೋರಿಸಲು ಕರೆದರು. ಪತ್ರ ಇನ್ನೂ ಬಂದಿರಲಿಲ್ಲ. ಕಿಟಕಿ ಇದೆ, ಅದು ಮುಚ್ಚುತ್ತದೆ, ಎಲ್ಲ ಚೆನ್ನಾಗಿದೆ. ನಾನು ಖುಷಿಯಲ್ಲಿ, "ದಿನಾ ನೀವು ಬರೋ ಹೊತ್ತಿಗೆ ಟೀ ಮಾಡಿಟ್ಟಿರ್ತೀನಿ ಅಕ್ಕ. ನೀವು ಬಂದ ಮೇಲೇ ನಾನೂ ಕುಡೀತೀನಿ" ಅಂದೆ.

ಅವರು ಶೂ ಪಾಲಿಶ್ ಮಾಡುತ್ತಿದ್ದವರು ಕೈ ನಿಲ್ಲಿಸಿದರು.

"ಯಾಕೆ?"

"ಸುಮ್ನೆ. ಕಾಯ್ತೀನಿ."

"ನೋಡು ಮರಿ," ಅಂದರು. "ನಾನು ದಿನವಿಡೀ ನೋಡೋದು ಕಾಯ್ತಾ ನಿಂತಿರೋರ ಮುಖಾನೇ. ಲೇಟಾಯ್ತಲ್ಲ, ಎಲ್ಲಿಗ್ ಹೋಗಿದ್ದೆ, ಬೇಗ ಬರಕ್ಕಾಗಲ್ವಾ. ಮನೇಲೂ ಒಬ್ಬಳು ಕಾಯ್ತಾ ಕೂತ್ರೆ ಇದೂ ಇನ್ನೊಂದು ಸ್ಟಾಪ್ ಆಗುತ್ತೆ ನಂಗೆ. ಒಬ್ಬಳೇ ಇರೋದು ನಂಗಿಷ್ಟ, ಅದಕ್ಕೇ ಒಬ್ಬಳೇ ಇದೀನಿ. ನೀನು ಬಾ, ನಿನ್ ರೂಮಲ್ಲಿರು, ನಿನ್ ಟೀ ನೀನ್ ಕುಡಿ. ಅಷ್ಟಾದ್ರೆ ನಂಗೂ ಖುಷಿ."

ನನ್ನ ಮುಖ ಹೇಗಾಯಿತೋ. ಅವರಿಗೇ ಪಾಪ ಅನ್ನಿಸಿರಬೇಕು. ಮಾತು ಬದಲಾಯಿಸಲು ಕೇಳಿದರು, "ನಿಮ್ಮಮ್ಮ ಹೆಂಗೆ? ಕೆಲಸದಿಂದ ಬಂದ ತಕ್ಷಣ ಟೀ ಬೇಕಾ ಅವರಿಗೆ, ಇಲ್ಲಾ ಮೊದಲು ಸ್ನಾನಾನಾ?"

ಗೊತ್ತಿಲ್ಲ ಅಂದೆ.

"ಗೊತ್ತಿಲ್ಲ ಅಂದ್ರೆ?"

ನನಗೆ ನಿಜವಾಗಿಯೂ ಗೊತ್ತಿಲ್ಲ ಅಮ್ಮ. ನೀನು ಕೆಲಸ ಮುಗಿಸಿ ಮನೆಗೆ ಬರುವುದನ್ನು ನಾನು ಒಂದು ಸಲವೂ ನೋಡಿಲ್ಲ. ರಜಕ್ಕೆ ನಾನು ಬಂದರೆ ನೀನೂ ರಜೆ ಹಾಕುತ್ತಿದ್ದೆ. ಹೊಸ ಬೆಡ್‌ಶೀಟ್ ಹಾಸುತ್ತಿದ್ದೆ. ನಾನು ಬಂದ ದಿನದಿಂದ ಹೋಗುವ ದಿನದವರೆಗೆ ನೀನು ಇಸ್ತ್ರಿ ಮಾಡಿದ ಬಟ್ಟೆಯಲ್ಲೇ ಇರುತ್ತಿದ್ದೆ. ನಾನು ತಟ್ಟೆ ತೊಳೆಯಲು ಹೋದರೆ ಕಿತ್ತುಕೊಳ್ಳುತ್ತಿದ್ದೆ. ಒಮ್ಮೆಯೂ ಸಿಡುಕಿಲ್ಲ. ನಾನೂ ಒಮ್ಮೆಯೂ ಹಠ ಮಾಡಿಲ್ಲ. ಇಬ್ಬರೂ ಒಬ್ಬರ ಮನೆಗೆ ಇನ್ನೊಬ್ಬರು ಬಂದ ಹಾಗೆ ಇರುತ್ತಿದ್ದೆವು.

ಡ್ರೈವರಕ್ಕ ಟೀ ಮಾಡಿ ಕೊಟ್ಟರು, ತಮ್ಮ ಕಪ್ಪು ತಾವು ಊದಿಕೊಂಡು ಕುಡಿದರು. ನಾನು ಮೇಲೆ ಬಂದು ಕೂತೆ. ಇಷ್ಟು ತಿಂಗಳು ನಾನು ಕಾಯುತ್ತಿದ್ದದ್ದು ಯಾರನ್ನು ಅಂತ ಆಗ ಗೊತ್ತಾಯಿತು. ಮರುದಿನ ನಿನ್ನ ಪತ್ರ ಬಂತು.

ನೀನು ಇಂಟರ್ವ್ಯೂಗೆ ಬಂದ ಸೋಮವಾರ ನನಗೆ ಪ್ರಾಕ್ಟಿಕಲ್ ಇರಲಿಲ್ಲ. ಮಧ್ಯಾಹ್ನದಿಂದ ರೂಮಿನಲ್ಲೇ ಇದ್ದೆ, ಸಂಜೆಯ ಹೆಜ್ಜೆ ಕೇಳಿಸುವುದನ್ನು ಕಾಯುತ್ತಾ. ನೀನು ಅದೇ ಹೊತ್ತಿಗೆ ಬಸ್ ಸ್ಟ್ಯಾಂಡಿನಲ್ಲಿ ಬನ್ನು ತಿನ್ನುತ್ತಿದ್ದೆ. ಅದನ್ನು ನೆನೆಸಿಕೊಂಡರೆ ನನಗೆ ನಿನ್ನ ಮೇಲೆ ಎಷ್ಟು ಸಿಟ್ಟು ಬರುತ್ತದೆ ಗೊತ್ತಾ? ಇದು ನಾನು ನಿನ್ನ ಮೇಲೆ ಮಾಡಿಕೊಂಡ ಮೊದಲ ಸಿಟ್ಟು. ಮಾಡಿಕೊಂಡು ನೋಡಿದೆ, ಹಿತವಾಗಿದೆ.

ಆಲ್ ದಿ ಬೆಸ್ಟ್ ಅಂತ ಕೊನೆಯಲ್ಲಿ ಒಂದು ಸಾಲು ಬರೆದಿದ್ದೆನಲ್ಲ, ಅದು ನಿಜವಾಗಿ ಮರೆತು ಬರೆದದ್ದಲ್ಲ. ಆಸೆ ಇಟ್ಟುಕೊಳ್ಳಬೇಡ ಅಂದಿದ್ದೆ ನೀನು. ಇಟ್ಟುಕೊಂಡುಬಿಟ್ಟಿದ್ದೆ. ಎರಡು ರೂಮು ಅಂತ ಓದಿದ ದಿನವೇ ಇಟ್ಟುಕೊಂಡೆ. ಗೊತ್ತಾಗಬಾರದು ಅಂತ ಹಾಗೆ ಬರೆದೆ. ನಿನಗೆ ಅದು ಹೇಗೆ ಕಂಡಿರುತ್ತದೆ ಅಂತ ಈಗ ಹೊಳೆಯುತ್ತಿದೆ.

ಭಯವೂ ಇದೆ. ಸಿಟ್ಟು ಬಂದರೆ ನೀನು ಮಾತು ಬಿಡುವವಳೋ, ಪಾತ್ರೆ ಕುಕ್ಕುವವಳೋ? ನಾನು ಬಚ್ಚಲಿನ ಬಾಗಿಲು ಹಾಕಿಕೊಂಡು ಜೋರಾಗಿ ಪಾಠ ಬಾಯಿಪಾಠ ಮಾಡುತ್ತೇನೆ, ಅದು ನಿನಗೆ ಸಹಿಸಲು ಆಗುತ್ತದೋ ಇಲ್ಲವೋ. ಒಂದು ವಾರದಲ್ಲಿ ಇಬ್ಬರಿಗೂ ಸಾಕು ಸಾಕಾಗಬಹುದು. ಹಾಗಾದರೆ ಆಗಲಿ. ಎಲ್ಲರ ಮನೆಯಲ್ಲೂ ಆಗುತ್ತದಂತೆ.

ಸದ್ಯಕ್ಕೆ ಡ್ರೈವರಕ್ಕನ ರೂಮಿಗೆ ಹೋಗುತ್ತೇನೆ, ಬಾಡಿಗೆ ಹಂಚಿಕೊಂಡು, ನನ್ನ ಟೀ ನಾನು ಕುಡಿದುಕೊಂಡು. ನಿನ್ನ ವಿಷಯ ಅವರಿಗೆ ಹೇಳಿದೆ. "ಎರಡು ರೂಮಿಂದಾ? ಹೆಡ್ ಆಫೀಸ್ ಸ್ಟಾಪಿನ ಹಿಂದಿನ ಬೀದೀಲಿ ಬೋರ್ಡ್ ನೇತಾಕಿದಾರೆ, ದಿನಾ ನೋಡ್ತೀನಿ. ಕೇಳ್ಲಾ?" ಅಂದರು. ಅಮ್ಮನನ್ನು ಕೇಳಿ ಹೇಳುತ್ತೇನೆ ಅಂದೆ.

ಸುರಂಗಕ್ಕೆ ಬೇರೆಯವರು ಸಿಗುತ್ತಾರೆ. ಬೇಡ ಅಂತ ಬರೆಯಬೇಡ. ಬರೆದು ಕಳಿಸಿಬಿಟ್ಟಿದ್ದರೆ ಸೈಟ್ ಆಫೀಸಿನಿಂದ ಇವತ್ತೇ ಫೋನ್ ಮಾಡಿ ಬರುತ್ತೇನೆ ಅನ್ನು, ಸ್ಟೋರ್ ಕೀಪರ್ ಕೇಳಿಸಿಕೊಂಡರೆ ಕೇಳಿಸಿಕೊಳ್ಳಲಿ. ಬಂದ ಮೇಲೆ ನನಗೋಸ್ಕರ ರಜೆ ಹಾಕಬೇಡ. ಮೊದಲ ದಿನವೇ ಕೆಲಸಕ್ಕೆ ಹೋಗು. ಸಂಜೆ ಸುಸ್ತಾಗಿ, ತಲೆಯಲ್ಲಿ ಸಿಮೆಂಟಿನ ಧೂಳು ಇದ್ದ ಹಾಗೇ ಮನೆಗೆ ಬಾ. ಸಿಡುಕಿದರೂ ಪರವಾಗಿಲ್ಲ. ಮೊದಲು ಟೀ ಬೇಕೋ ಸ್ನಾನವೋ ಅಂತ ನಾನೇ ನೋಡಿ ತಿಳಿದುಕೊಳ್ಳುತ್ತೇನೆ.

ತಿಂಗಳು ಮುಗಿಯುತ್ತಾ ಬಂತು. ಬೇಗ ಉತ್ತರ ಬರಿ.

ಮಗಳು